ಹಿರಿಯರಿಗೆ ಪೆಟ್ಟಾದಾಗ: ಉಳಿಯುವ ಸಾಧ್ಯತೆಯನ್ನು ಲೆಕ್ಕ ಹಾಕುವ ಬಗೆ

ಬಿದ್ದು ಪೆಟ್ಟು ಮಾಡಿಕೊಂಡ ಎಂಬತ್ತರ ಹಿರಿಯರನ್ನು ಐಸಿಯುಗೆ ಸೇರಿಸಿದ ಮೇಲೆ ಮನೆಯವರು ಕೇಳುವ ಮೊದಲ ಪ್ರಶ್ನೆ ಒಂದೇ: "ಉಳಿಯುತ್ತಾರೆಯೇ?" ಅದಕ್ಕೆ ಸಿಗುವ ಉತ್ತರಗಳೂ ಹೆಚ್ಚುಕಡಿಮೆ ಎರಡೇ. "ವಯಸ್ಸಾಗಿದೆಯಲ್ಲ, ಏನೂ ಹೇಳಲಾಗದು" ಎಂಬುದು ಒಂದು. "ಬಿಪಿ, ಉಸಿರಾಟ ಎಲ್ಲ ಸರಿಯಾಗಿದೆ, ಚಿಂತೆ ಬೇಡ" ಎಂಬುದು ಇನ್ನೊಂದು. ಎರಡೂ ಅರೆಬರೆ ಉತ್ತರಗಳು. ವಯಸ್ಸು ಲೆಕ್ಕದಲ್ಲಿ ಒಂದು ಅಂಕಿಯಷ್ಟೇ. ಮೊದಲ ಗಂಟೆಯ ಬಿಪಿಯಂತೂ ಹಿರಿಯರ ವಿಷಯದಲ್ಲಿ ಸುಳ್ಳು ಹೇಳುವುದರಲ್ಲಿ ನಿಸ್ಸೀಮ.

ಗಾಯಗೊಂಡ ಹಿರಿಯರ ಕಡೆಯವರನ್ನೂ ಅವರಿಗೆ ವಿಷಯ ತಿಳಿಸಿ ಹೇಳಬೇಕಾದ ಕಿರಿಯ ವೈದ್ಯರು, ದಾದಿಯರನ್ನೂ ಮನಸ್ಸಿನಲ್ಲಿಟ್ಟುಕೊಂಡು ಇದನ್ನು ಬರೆದಿದ್ದೇನೆ. ಲೆಕ್ಕವನ್ನು ಯಾರು ಬೇಕಾದರೂ ಕಾಗದದ ಮೇಲೆ ಮಾಡಬಹುದು. ಆದರೆ ಆ ಲೆಕ್ಕಕ್ಕೆ ಬೇಕಾದ ಬಹು ಮುಖ್ಯ ಮಾಹಿತಿ ಆಸ್ಪತ್ರೆಯ ಯಂತ್ರಗಳಲ್ಲಿ ಸಿಗುವುದಿಲ್ಲ, ಹೊರಗೆ ಬೆಂಚಿನ ಮೇಲೆ ಕುಳಿತ ಮನೆಯವರ ಬಳಿ ಇರುತ್ತದೆ. ಅದನ್ನು ಯಾರೂ ಕೇಳುವುದಿಲ್ಲ, ಕೇಳದ ಕಾರಣ ಅವರೂ ಹೇಳುವುದಿಲ್ಲ.

ಹೆಜ್ಜೆ 1: ಬಿದ್ದ ಎತ್ತರವನ್ನು ನಂಬಬೇಡಿ

"ಮೆಟ್ಟಿಲಿನಿಂದಲೂ ಬೀಳಲಿಲ್ಲ, ನಿಂತಲ್ಲೇ ಕುಸಿದರು ಅಷ್ಟೇ" ಎನ್ನುವ ಮಾತಿನಲ್ಲಿ ಒಂದು ಸಮಾಧಾನ ಅಡಗಿರುತ್ತದೆ. 65 ದಾಟಿದವರಲ್ಲಿ ಆ ಸಮಾಧಾನಕ್ಕೆ ಆಧಾರವಿಲ್ಲ. ಮೂಳೆ ಟೊಳ್ಳಾಗಿರುತ್ತದೆ, ಬೀಳುವಾಗ ಕೈ ಚಾಚಿ ತಡೆದುಕೊಳ್ಳುವ ಚುರುಕು ಕಡಿಮೆಯಾಗಿರುತ್ತದೆ. ಯುವಕನೊಬ್ಬ ಎದ್ದು ಮೈ ಕೊಡವಿಕೊಳ್ಳುವ ಬೀಳುವಿಕೆ ಇವರಲ್ಲಿ ಸೊಂಟ, ಪಕ್ಕೆಲುಬು, ಕತ್ತಿನ ಮೂಳೆ ಮೂರನ್ನೂ ಮುರಿಯಬಲ್ಲದು.

ತಲೆಯ ವಿಚಾರ ಇನ್ನೂ ನಯವಂಚಕ. ವಯಸ್ಸಾದಂತೆ ಮೆದುಳು ಕುಗ್ಗುತ್ತದೆ, ಅದಕ್ಕೂ ಬುರುಡೆಗೂ ನಡುವೆ ಜಾಗವಾಗುತ್ತದೆ, ಆ ಜಾಗವನ್ನು ದಾಟುವ ಸಣ್ಣ ರಕ್ತನಾಳಗಳು ಬಿಗಿದು ನಿಂತಿರುತ್ತವೆ. ಸಣ್ಣ ಕುಲುಕಾಟಕ್ಕೂ ಅವು ಹರಿಯಬಹುದು. ಸೋರಿದ ರಕ್ತ ನಿಲ್ಲಲು ಒಳಗೆ ಜಾಗವಿರುವುದರಿಂದ ಮೆದುಳಿನ ಮೇಲೆ ಒತ್ತಡ ತಕ್ಷಣ ಬೀಳುವುದಿಲ್ಲ. ಹಾಗಾಗಿ 1974ರಿಂದ ಜಗತ್ತೆಲ್ಲ ಬಳಸುವ ಗ್ಲಾಸ್ಗೋ ಪ್ರಜ್ಞಾ ಮಾಪನದಲ್ಲಿ 15ಕ್ಕೆ 15 ಬಂದರೂ ಒಳಗೆ ರಕ್ತಸ್ರಾವ ನಡೆದಿರಬಹುದು. ಮಾತಾಡುತ್ತಿದ್ದಾರೆ, ಹೆಸರು ಹೇಳುತ್ತಿದ್ದಾರೆ ಎಂಬುದು ಸಿಟಿ ಸ್ಕ್ಯಾನ್ ಬೇಡ ಎನ್ನಲು ಕಾರಣವಾಗಬಾರದು.

ಹೆಜ್ಜೆ 2: ಬಿಪಿ ಮತ್ತು ನಾಡಿಯನ್ನು ಅವರ ಹಳೆಯ ಅಂಕಿಗಳ ಜೊತೆ ಇಟ್ಟು ನೋಡಿ

ಗಾಯಗೊಂಡ ವಯಸ್ಕರಲ್ಲಿ ಮೇಲಿನ ಬಿಪಿ 90ಕ್ಕಿಂತ ಇಳಿದರೆ ಅಪಾಯ ಎಂಬುದು ಹಳೆಯ ಪಾಠ. ಹಿರಿಯರಿಗೆ ಆ ಗೆರೆಯನ್ನು ಮೇಲಕ್ಕೆ ಎಳೆಯಬೇಕು. ಗಾಯಾಳುಗಳನ್ನು ಯಾವ ಆಸ್ಪತ್ರೆಗೆ ಒಯ್ಯಬೇಕೆಂದು ತೀರ್ಮಾನಿಸಲು ಅಮೆರಿಕದಲ್ಲಿ ಬಳಸುವ ಮಾರ್ಗಸೂಚಿ 65 ದಾಟಿದವರಿಗೆ 110 ಎಂಬ ಗೆರೆ ಹಾಕಿದೆ. ನಾಡಿಯ ಅಂಕಿ ಮೇಲಿನ ಬಿಪಿಯ ಅಂಕಿಯನ್ನು ಮೀರಿದರೂ ಅದು ಅಪಾಯದ ಸೂಚನೆ ಎನ್ನುತ್ತದೆ. ವರ್ಷಗಳಿಂದ 160ರ ಆಸುಪಾಸಿನಲ್ಲಿ ಬದುಕಿದವರಿಗೆ 112 ಎಂದರೆ, ಪರದೆಯ ಮೇಲೆ ಹಸಿರು ಬಣ್ಣದಲ್ಲಿ ತೋರಿದರೂ, ಮೂತ್ರಪಿಂಡಕ್ಕೆ ರಕ್ತ ಸಾಲದೆ ಬಂದಿರಬಹುದು.

ನಾಡಿಯನ್ನು ಮೇಲಿನ ಬಿಪಿಯಿಂದ ಭಾಗಿಸಿದರೆ ಸಿಗುವ ಸಂಖ್ಯೆಯನ್ನು ಶಾಕ್ ಸೂಚ್ಯಂಕ ಎನ್ನುತ್ತಾರೆ. ಆರೋಗ್ಯವಂತರಲ್ಲಿ ಅದು 0.5ರಿಂದ 0.7. ನಾಡಿ 96, ಬಿಪಿ 104 ಎಂದಿದ್ದರೆ 0.92. ಬೇರೆ ಬೇರೆಯಾಗಿ ನೋಡಿದಾಗ ಯಾರಿಗೂ ಗಾಬರಿ ಹುಟ್ಟಿಸದ ಎರಡು ಅಂಕಿಗಳು ಕೂಡಿದಾಗ ಬೇರೆಯದೇ ಕಥೆ ಹೇಳುತ್ತವೆ. ಆದರೆ ಬಿಪಿಗೋ ಹೃದಯಕ್ಕೋ ಮೆಟೊಪ್ರೊಲಾಲ್, ಅಟೆನೊಲಾಲ್ ತರಹದ ಮಾತ್ರೆ ತೆಗೆದುಕೊಳ್ಳುವವರಲ್ಲಿ ಈ ಲೆಕ್ಕವೂ ಕೈಕೊಡುತ್ತದೆ. ರಕ್ತ ಹೋಗುತ್ತಿದ್ದರೂ ಅವರ ನಾಡಿ ಏರುವುದಿಲ್ಲ, 70ರಲ್ಲೇ ನಿಂತಿರುತ್ತದೆ. ಅಂಥವರಲ್ಲಿ ರಕ್ತದ ಲ್ಯಾಕ್ಟೇಟ್ (ಆಮ್ಲಜನಕ ಸಾಲದಾದಾಗ ದೇಹದಲ್ಲಿ ಹೆಚ್ಚುವ ವಸ್ತು) ಪರೀಕ್ಷೆ ಹೆಚ್ಚು ಪ್ರಾಮಾಣಿಕ. ಅದು ಲೀಟರಿಗೆ 2 ಮಿಲಿಮೋಲ್ ದಾಟಿ ಏರುತ್ತಿದ್ದರೆ ಬಿಪಿ ಎಷ್ಟೇ ಇರಲಿ, ಅಂಗಾಂಗಗಳಿಗೆ ರಕ್ತ ಸಾಲುತ್ತಿಲ್ಲವೆಂದು ಶಂಕಿಸಬೇಕು.

ಹೆಜ್ಜೆ 3: ಮಾತ್ರೆಗಳ ಚೀಲವನ್ನು ಕೂಡಲೇ ತನ್ನಿ

ಪಟ್ಟಿ ಬರೆಯುತ್ತಾ ಕೂರುವುದು ಬೇಡ, ಚೀಲವನ್ನೇ ತನ್ನಿ. ವಾರ್ಫರಿನ್, ಅಪಿಕ್ಸಬಾನ್, ರಿವರೋಕ್ಸಬಾನ್, ಕ್ಲೋಪಿಡೋಗ್ರೆಲ್, ಆಸ್ಪಿರಿನ್ ಇವುಗಳಲ್ಲಿ ಯಾವುದಿದೆ, ಕೊನೆಯ ಮಾತ್ರೆ ನುಂಗಿದ್ದು ಎಷ್ಟು ಹೊತ್ತಿಗೆ ಎಂಬುದು ಮುಖ್ಯ. ರಕ್ತ ಹೆಪ್ಪುಗಟ್ಟದಂತೆ ತಡೆಯುವ ಔಷಧಿ ತೆಗೆದುಕೊಳ್ಳುವವರ ತಲೆಯೊಳಗಿನ ಸಣ್ಣ ಸೋರಿಕೆ ದೊಡ್ಡದಾಗುವ ಸಂಭವ ಹೆಚ್ಚು. ಅವುಗಳಲ್ಲಿ ಹಲವಕ್ಕೆ ಪ್ರತ್ಯೌಷಧವಿದೆ: ವಾರ್ಫರಿನ್‌ಗೆ ವಿಟಮಿನ್ ಕೆ ಮತ್ತು ಹೆಪ್ಪುಗಟ್ಟಿಸುವ ಅಂಶಗಳ ಸಾಂದ್ರ ದ್ರಾವಣ. ಅದು ಬೇಗ ಒಳಹೊಕ್ಕಷ್ಟೂ ಒಳ್ಳೆಯದು. ಭವಿಷ್ಯವನ್ನು ಅಂದಾಜು ಮಾಡುವುದರ ಜೊತೆಗೆ ಅದನ್ನು ಬದಲಿಸಲೂ ಅವಕಾಶವಿರುವ ಹೆಜ್ಜೆ ಇದು.

ಹೆಜ್ಜೆ 4: ಗಾಯಗಳ ಲೆಕ್ಕ

ಈಗ ಅಂಕಗಣಿತ. 1974ರಲ್ಲಿ ರೂಪುಗೊಂಡ ಗಾಯತೀವ್ರತೆಯ ಅಂಕ, ಆಸ್ಪತ್ರೆಯ ಮಾತಿನಲ್ಲಿ ಐಎಸ್‌ಎಸ್, ಇಂದಿಗೂ ಹೆಚ್ಚು ಬಳಕೆಯಲ್ಲಿದೆ. ದೇಹವನ್ನು ಆರು ಭಾಗಗಳಾಗಿ ಎಣಿಸುತ್ತಾರೆ: ತಲೆ ಮತ್ತು ಕತ್ತು, ಮುಖ, ಎದೆ, ಹೊಟ್ಟೆ, ಕೈಕಾಲು ಹಾಗೂ ಸೊಂಟದ ಕಟ್ಟು, ಕೊನೆಗೆ ಚರ್ಮ. ಪ್ರತಿ ಗಾಯಕ್ಕೂ 1ರಿಂದ 6ರವರೆಗೆ ಅಂಕ. 1 ಎಂದರೆ ತರಚು ಗಾಯ, 6 ಎಂದರೆ ಹೆಚ್ಚುಕಡಿಮೆ ಬದುಕಲಾಗದ ಗಾಯ. ಅತಿ ಹೆಚ್ಚು ಪೆಟ್ಟು ಬಿದ್ದ ಮೂರು ಭಾಗಗಳಿಂದ ತಲಾ ಒಂದೇ ಗಾಯ ಆಯ್ದು, ಅವುಗಳ ಅಂಕದ ವರ್ಗವನ್ನು (ಅಂಕವನ್ನು ಅದರಿಂದಲೇ ಗುಣಿಸಿದ್ದು) ಕೂಡಿಸಬೇಕು. ಗರಿಷ್ಠ 75, ಯಾವುದೇ ಗಾಯಕ್ಕೆ 6 ಬಂದರೆ ನೇರವಾಗಿ 75 ಎಂದೇ ಎಣಿಸುತ್ತಾರೆ.

ಒಂದು ಕಲ್ಪಿತ ಉದಾಹರಣೆ: 78 ವರ್ಷದ ಮಹಿಳೆ ಜಾರಿ ಬಿದ್ದಿದ್ದಾರೆ. ತೊಡೆಮೂಳೆಯ ಕತ್ತು ಮುರಿದಿದೆ, ಅಂಕ 3. ನಾಲ್ಕು ಪಕ್ಕೆಲುಬು ಮುರಿದಿವೆ, ಅಂಕ 3. ಮಣಿಕಟ್ಟು ಮುರಿದಿದೆ, ಅಂಕ 2. ಮೈಮೇಲೆ ತರಚು ಗಾಯ, ಅಂಕ 1. ಮಣಿಕಟ್ಟು ಮತ್ತು ತೊಡೆಮೂಳೆ ಎರಡೂ "ಕೈಕಾಲು" ಎಂಬ ಒಂದೇ ಭಾಗಕ್ಕೆ ಸೇರುವುದರಿಂದ ಮಣಿಕಟ್ಟು ಲೆಕ್ಕಕ್ಕೆ ಬರುವುದಿಲ್ಲ. 9 + 9 + 1, ಒಟ್ಟು 19.

ಮುರಿದ ಮಣಿಕಟ್ಟನ್ನು ಬಿಟ್ಟು ತರಚು ಗಾಯವನ್ನು ಎಣಿಸುವ ಈ ನಿಯಮ ವಿಚಿತ್ರವೆನಿಸಿದರೆ ನಿಮ್ಮ ಅನಿಸಿಕೆ ಸರಿಯಾಗಿಯೇ ಇದೆ. 1997ರಲ್ಲಿ ಬಂದ ತಿದ್ದುಪಡಿಯಲ್ಲಿ ಭಾಗಗಳ ಗೊಡವೆಯಿಲ್ಲದೆ ಅತಿ ಕೆಟ್ಟ ಮೂರು ಗಾಯಗಳನ್ನು ತೆಗೆದುಕೊಳ್ಳುತ್ತಾರೆ. ಅದರಂತೆ ಇವರದು 22. ಯಾವ ಪದ್ಧತಿಯಾದರೂ ಸರಿ, ಸ್ಕ್ಯಾನ್‌ಗಳೆಲ್ಲ ಮುಗಿಯುವ ಮುನ್ನ, ಕೆಲವೊಮ್ಮೆ ಶಸ್ತ್ರಚಿಕಿತ್ಸೆ ಆಗುವ ಮುನ್ನ, ಈ ಅಂಕ ಪೂರ್ಣವಾಗುವುದಿಲ್ಲ. ಮೊದಲ ರಾತ್ರಿಯೇ ಖಚಿತ ಅಂಕಿ ಹೇಳಿದವರನ್ನು ಸ್ವಲ್ಪ ಅನುಮಾನದಿಂದ ನೋಡಿ.

ಹೆಜ್ಜೆ 5: ಮೂರು ಅಂಕಿಗಳ ಸೂತ್ರ

ಗಾಯಾಳು ಉಳಿಯುವ ಸಾಧ್ಯತೆಯನ್ನು ಅಂದಾಜಿಸಲು 1987ರಲ್ಲಿ ಬಂದ ಟ್ರಿಸ್ ಎಂಬ ಹಳೆಯ ಪದ್ಧತಿ ವಯಸ್ಸನ್ನು ಎರಡೇ ಬುಟ್ಟಿಗಳಿಗೆ ಹಂಚುತ್ತಿತ್ತು: 55ಕ್ಕಿಂತ ಕೆಳಗೆ, 55 ಮತ್ತು ಮೇಲೆ. ಅದರ ಕಣ್ಣಿಗೆ ಐವತ್ತಾರೂ ಒಂದೇ, ತೊಂಬತ್ತೂ ಒಂದೇ. 2015ರಲ್ಲಿ ಅಮೆರಿಕದ ಸಂಶೋಧಕರು 65 ದಾಟಿದವರಿಗಾಗಿಯೇ ಜಿಟಿಒಎಸ್ (ಗಾಯಗೊಂಡ ಹಿರಿಯರ ಫಲಿತಾಂಶದ ಅಂಕ) ಎಂಬ ಸರಳ ಸೂತ್ರ ಕೊಟ್ಟರು:

ವಯಸ್ಸು + (2.5 × ಗಾಯತೀವ್ರತೆಯ ಅಂಕ) + ಮೊದಲ 24 ಗಂಟೆಗಳಲ್ಲಿ ರಕ್ತ ಕೊಟ್ಟಿದ್ದರೆ 22

ನಮ್ಮ ಉದಾಹರಣೆಯಲ್ಲಿ 78 + 47.5, ಅಂದರೆ 125.5. ರಕ್ತ ಕೊಡಬೇಕಾಗಿ ಬಂದಿದ್ದರೆ 147.5. ಸೂತ್ರ ರೂಪಿಸಿದವರ ಪ್ರಕಾರ 205 ಅಂಕಕ್ಕೆ ಆಸ್ಪತ್ರೆಯಲ್ಲೇ ಸಾಯುವ ಸಂಭವ ಶೇ. 75, 233ಕ್ಕೆ ಶೇ. 90, 252ಕ್ಕೆ ಶೇ. 95. ಅದೇ ರೇಖೆಯನ್ನು ಕೆಳಕ್ಕೆ ಎಳೆದು ನಾನು ಲೆಕ್ಕ ಹಾಕಿದಂತೆ 125.5ಕ್ಕೆ ಸುಮಾರು ಶೇ. 12, 147.5ಕ್ಕೆ ಸುಮಾರು ಶೇ. 24, ಅರ್ಧಕ್ಕರ್ಧ ಎನ್ನುವ ಅಂಕ 177ರ ಹತ್ತಿರ ಬರುತ್ತದೆ.

ರಕ್ತ ಕೊಟ್ಟರೆ 22 ಅಂಕ ಏರುತ್ತದೆಂದು ಕಂಡು "ಹಾಗಾದರೆ ರಕ್ತ ಬೇಡ" ಎನ್ನಲು ಹೊರಟವರಿದ್ದಾರೆ! ರಕ್ತದಿಂದ ಅಪಾಯ ಬಂತೆಂದು ಆ 22 ಹೇಳುತ್ತಿಲ್ಲ. ರಕ್ತ ಬೇಕಾಗುವಷ್ಟು ಸ್ರಾವವಾಗಿದೆ ಎಂಬುದರ ಗುರುತು ಅದು. ಕೊಡೆ ಬಿಡಿಸದಿದ್ದರೆ ಮಳೆ ನಿಲ್ಲುವುದಿಲ್ಲ.

ಸೂತ್ರದ ನಿಖರತೆಯನ್ನು 0.82 ಎಂದು ಅಳೆದರು. ಬದುಕಿದ ಒಬ್ಬರನ್ನೂ ತೀರಿಕೊಂಡ ಒಬ್ಬರನ್ನೂ ಹಾಗೆಯೇ ಎತ್ತಿಕೊಂಡು ಜೋಡಿ ಮಾಡಿದರೆ, ಅಂಥ ನೂರು ಜೋಡಿಗಳಲ್ಲಿ 82ರಲ್ಲಿ ತೀರಿಕೊಂಡವರ ಅಂಕವೇ ಹೆಚ್ಚಿರುತ್ತದೆ, 18ರಲ್ಲಿ ಸೂತ್ರ ತಲೆಕೆಳಗಾಗುತ್ತದೆ. ಮೂರೇ ಅಂಕಿಗಳ ಸೂತ್ರಕ್ಕೆ ಇದು ಒಳ್ಳೆಯ ಸಾಧನೆ. ಒಬ್ಬ ವ್ಯಕ್ತಿಯ ವೆಂಟಿಲೇಟರ್ ತೆಗೆಯುವ ತೀರ್ಮಾನವನ್ನು ಇದೊಂದರ ಮೇಲೆ ನಿಲ್ಲಿಸಲು ಖಂಡಿತ ಸಾಲದು.

ಹೆಜ್ಜೆ 6: ಎರಡು ವಾರ ಹಿಂದೆ ಹೇಗಿದ್ದರು?

ಸೂತ್ರಕ್ಕೆ ಕಾಣದ್ದು ಇಲ್ಲಿದೆ. ಇಬ್ಬರು 78ರವರನ್ನು ನೆನೆಯಿರಿ. ಒಬ್ಬರು ದಿನವೂ ಒಂದು ಗಂಟೆ ನಡೆಯುತ್ತಾರೆ, ಲೆಕ್ಕಪತ್ರ ತಾವೇ ನೋಡಿಕೊಳ್ಳುತ್ತಾರೆ. ಇನ್ನೊಬ್ಬರಿಗೆ ಸ್ನಾನಕ್ಕೆ ಆಸರೆ ಬೇಕು, ವರ್ಷದಲ್ಲಿ ಐದಾರು ಕೆಜಿ ಇಳಿದಿದ್ದಾರೆ, ಕುರ್ಚಿಯಿಂದ ಏಳಲು ಎರಡು ಸಲ ಪ್ರಯತ್ನಿಸಬೇಕು. ಗಾಯ ಒಂದೇ ಆದರೆ ಮೇಲಿನ ಸೂತ್ರ ಇಬ್ಬರಿಗೂ ಒಂದೇ ಅಂಕ ಕೊಡುತ್ತದೆ. ವಾರ್ಡಿನಲ್ಲಿ ಹತ್ತು ದಿನ ಕಳೆದ ಮೇಲೆ ಇಬ್ಬರ ದಾರಿ ಬೇರೆಯಾಗಿರುತ್ತದೆ.

ದೇಹದ ಈ ಕಸುವನ್ನು ಅಳೆಯಲು ಕೆನಡಾದಲ್ಲಿ ರೂಪುಗೊಂಡ, 2005ರಲ್ಲಿ ಪ್ರಕಟವಾದ ಒಂದು ಮಾಪನವಿದೆ. ಮೊದಲು ಏಳು ಮಟ್ಟಗಳಿದ್ದವು, ಈಗ ಒಂಬತ್ತು. 1ರಿಂದ 3 ಗಟ್ಟಿಮುಟ್ಟಾದವರು, ಅಥವಾ ಕಾಯಿಲೆಗಳಿದ್ದರೂ ಅವು ಹತೋಟಿಯಲ್ಲಿರುವವರು. 4ರಲ್ಲಿ ಯಾರ ಮೇಲೂ ಅವಲಂಬನೆಯಿಲ್ಲ, ಆದರೆ ನಡಿಗೆ ನಿಧಾನ, ಬೇಗ ದಣಿವು. 5ರಲ್ಲಿ ಹಣಕಾಸು, ಮಾತ್ರೆ, ಹೊರಗಿನ ಓಡಾಟಕ್ಕೆ ನೆರವು ಬೇಕು. 6ರಲ್ಲಿ ಸ್ನಾನಕ್ಕೂ ಮೆಟ್ಟಿಲಿಗೂ ಬೇಕು. 7ರಲ್ಲಿ ಮೈಯ ಆರೈಕೆಗೆಲ್ಲ ಪೂರ್ತಿ ಇನ್ನೊಬ್ಬರೇ. 8 ಮತ್ತು 9 ಕೊನೆಗಾಲದ ಹತ್ತಿರ. ಗಾಯದ ರೋಗಿಗಳಿಗೆಂದೇ ಹದಿನೈದು ಪ್ರಶ್ನೆಗಳ ಇನ್ನೊಂದು ಸೂಚ್ಯಂಕವೂ ಇದೆ, ಆದರೆ ತುರ್ತು ಹೊತ್ತಿನಲ್ಲಿ ಈ ಒಂಬತ್ತರ ಏಣಿಯೇ ಸಲೀಸು.

ಇದನ್ನು ಬಳಸುವಾಗ ಎಲ್ಲರೂ ಮಾಡುವ ತಪ್ಪೊಂದಿದೆ. ಹಾಸಿಗೆಯಲ್ಲಿ ಟ್ಯೂಬುಗಳ ನಡುವೆ ಮಲಗಿದವರನ್ನು ನೋಡಿ ಅಂಕ ಕೊಡುತ್ತಾರೆ. ಆಗ ಯಾರಾದರೂ 7ರಂತೆ ಕಾಣುತ್ತಾರೆ! ಅಂಕ ಕೊಡಬೇಕಾದದ್ದು ಗಾಯಕ್ಕೆ ಎರಡು ವಾರ ಮೊದಲಿನ ಮನುಷ್ಯನಿಗೆ. ಆ ಮನುಷ್ಯನನ್ನು ವೈದ್ಯರು ಕಂಡೇ ಇಲ್ಲ. ಆದ್ದರಿಂದ ಮನೆಯವರೇ, ಯಾರೂ ಕೇಳದಿದ್ದರೂ ಹೇಳಿ. "ಚೆನ್ನಾಗಿಯೇ ಇದ್ದರು" ಎಂಬ ಒಂದು ಮಾತು ಸಾಲದು. ಎಷ್ಟು ದೂರ ನಡೆಯುತ್ತಿದ್ದರು, ಕೋಲು ಹಿಡಿಯುತ್ತಿದ್ದರೇ, ಕಳೆದ ಆರು ತಿಂಗಳಲ್ಲಿ ಎಷ್ಟು ಸಲ ಬಿದ್ದಿದ್ದಾರೆ, ಬಟ್ಟೆ ಸಡಿಲವಾಗುತ್ತಾ ಬಂದಿತ್ತೇ, ಮಾತ್ರೆ ತೆಗೆದುಕೊಂಡದ್ದು ಮರೆಯುತ್ತಿದ್ದರೇ ಎಂದು ಬಿಡಿಬಿಡಿಯಾಗಿ ಹೇಳಿ. ನಡೆದಾಡುತ್ತಿದ್ದಾಗಿನ ಇತ್ತೀಚಿನ ವಿಡಿಯೊ ಮೊಬೈಲಿನಲ್ಲಿದ್ದರೆ ತೋರಿಸಿ. ನನಗೆ ಅರ್ಧ ಗಂಟೆಯ ವಿವರಣೆಗಿಂತ ಅಂಥ ಇಪ್ಪತ್ತು ಸೆಕೆಂಡು ಹೆಚ್ಚು ಹೇಳುತ್ತದೆ.

ಹೊಗಳಿಕೆಯೂ ಬೇಡ. ಚಿಕಿತ್ಸೆ ಕಡಿಮೆ ಮಾಡಿಬಿಟ್ಟಾರೆಂಬ ಹೆದರಿಕೆಯಿಂದ ಕಷ್ಟಗಳನ್ನು ಮುಚ್ಚಿಡುವವರಿದ್ದಾರೆ. ಕಸುವು ಕುಂದಿದೆ ಎಂದು ಗೊತ್ತಾದರೆ ಆಹಾರ ತಜ್ಞರು, ಫಿಸಿಯೋಥೆರಪಿ, ಮಾತ್ರೆಗಳ ಮರುಪರಿಶೀಲನೆ ಬೇಗ ಶುರುವಾಗುತ್ತವೆ. ಮುಚ್ಚಿಟ್ಟರೆ ನಲವತ್ತರ ರೋಗಿಗೆ ಕೊಡುವ ಚಿಕಿತ್ಸೆಯೇ ಇವರಿಗೂ ಸಿಗುತ್ತದೆ.

ಹೆಜ್ಜೆ 7: ಪಕ್ಕೆಲುಬು ಮತ್ತು ಸೊಂಟಕ್ಕೆ ಬೇರೆ ಲೆಕ್ಕ

ಎರಡು ಗಾಯಗಳು ಅಂಕದಲ್ಲಿ ಕಾಣುವುದಕ್ಕಿಂತ ಹೆಚ್ಚು ಕಾಡುತ್ತವೆ. ಪಕ್ಕೆಲುಬು ಮುರಿದವರು ನೋವಿಗೆ ಹೆದರಿ ಆಳವಾಗಿ ಉಸಿರಾಡುವುದಿಲ್ಲ, ಕೆಮ್ಮುವುದಿಲ್ಲ, ಕಫ ಅಲ್ಲೇ ನಿಂತು ನ್ಯುಮೋನಿಯಾ ಹಿಡಿಯುತ್ತದೆ. 2000ದಲ್ಲಿ ಪ್ರಕಟವಾದ, ಇಂದಿಗೂ ಎಲ್ಲರೂ ಉಲ್ಲೇಖಿಸುವ ಅಧ್ಯಯನವೊಂದರಲ್ಲಿ 65 ದಾಟಿದವರಿಗೆ ಮುರಿದ ಒಂದೊಂದು ಹೆಚ್ಚುವರಿ ಪಕ್ಕೆಲುಬಿಗೂ ಸಾವಿನ ಅಪಾಯ ಶೇ. 19, ನ್ಯುಮೋನಿಯಾ ಅಪಾಯ ಶೇ. 27 ಏರಿತ್ತು. ಇದು ಈಗಿರುವ ಅಪಾಯದ ಮೇಲಿನ ಏರಿಕೆ, ನೂರರಲ್ಲಿ ಹತ್ತೊಂಬತ್ತು ಮಂದಿ ಎಂದು ಓದಿಕೊಳ್ಳಬಾರದು. ಇಲ್ಲಿ ಅಪಾಯ ತಗ್ಗಿಸುವ ದೊಡ್ಡ ಸಾಧನ ನೋವು ನಿವಾರಣೆ. ಆದ್ದರಿಂದ ಉಸಿರನ್ನು ಅಳೆಯುವ ಸ್ಪೈರೋಮೀಟರ್ ಎಂಬ ಸಾಧನದಲ್ಲಿ ಎಷ್ಟು ಉಸಿರು ಎಳೆಯುತ್ತಿದ್ದಾರೆಂದು ದಿನವೂ ಕೇಳಿ. ನಿನ್ನೆಗಿಂತ ಇಂದು ಇಳಿದಿದ್ದರೆ ಎಕ್ಸ್-ರೇಗಿಂತ ಮೊದಲೇ ಸಿಕ್ಕ ಎಚ್ಚರಿಕೆ ಅದು.

ಸೊಂಟದ ಮೂಳೆ ಮುರಿತದ ಪರೀಕ್ಷೆ ಇರುವುದು ಆಸ್ಪತ್ರೆಯಿಂದ ಬಿಡುಗಡೆಯಾದ ಮೇಲೆ. ಆಸ್ಪತ್ರೆಯಲ್ಲಿ ಬಹುಪಾಲು ಜನ ಪಾರಾಗುತ್ತಾರೆ, ಆದರೆ ಒಂದು ವರ್ಷದೊಳಗೆ ತೀರಿಕೊಳ್ಳುವವರ ಪ್ರಮಾಣ ಹಲವು ದೇಶಗಳ ವರದಿಗಳಲ್ಲಿ ಶೇ. 20ರಿಂದ 30. ಶಸ್ತ್ರಚಿಕಿತ್ಸೆ 24ರಿಂದ 48 ಗಂಟೆಗಳೊಳಗೆ ಆಗಬೇಕು, ಸಾಧ್ಯವಾದರೆ ಮರುದಿನವೇ ಹಾಸಿಗೆಯಿಂದ ಎಬ್ಬಿಸಿ ಕೂರಿಸಬೇಕು. "ವಯಸ್ಸಾಗಿದೆ, ಆಪರೇಷನ್ ತಡೆಯುವುದಿಲ್ಲ" ಎಂಬ ಕನಿಕರ ಎಷ್ಟೋ ಸಲ ಅವರನ್ನು ಹಾಸಿಗೆಗೇ ಅಂಟಿಸಿಬಿಡುತ್ತದೆ.

ಹೆಜ್ಜೆ 8: ಶೇಕಡಾ ಅಂಕಿಯನ್ನು ಓದುವ ಬಗೆ

ಶೇ. 24 ಎಂದರೆ ಇಂಥದೇ ವಯಸ್ಸು, ಇಂಥದೇ ಗಾಯದ ನೂರು ಮಂದಿಯಲ್ಲಿ 24 ಮಂದಿ ತೀರಿಕೊಂಡರು, 76 ಮಂದಿ ಉಳಿದರು. ನಿಮ್ಮವರು ಆ ಎರಡರಲ್ಲಿ ಯಾವ ಸಾಲಿನವರೆಂದು ಅಂಕಿಗೆ ಗೊತ್ತಿಲ್ಲ. ಎರಡೂ ಸಂಖ್ಯೆಗಳನ್ನು ಒಟ್ಟಿಗೆ ಹೇಳುವಂತೆ ವೈದ್ಯರನ್ನು ಕೇಳಿ, ಒಂದನ್ನೇ ಕೇಳಿದರೆ ಅದರ ಬಣ್ಣ ಮನಸ್ಸಿಗೆ ಅಂಟುತ್ತದೆ.

ಇನ್ನೊಂದು ಸೂಕ್ಷ್ಮವಿದೆ, ನನಗೆ ಬಹಳ ಮುಖ್ಯವೆನಿಸುವುದು. ಸೂತ್ರಗಳು ಕಲಿತದ್ದು ಹಳೆಯ ದಾಖಲೆಗಳಿಂದ. ಆ ದಾಖಲೆಗಳಲ್ಲಿ ಸತ್ತವರೆಂದು ಎಣಿಸಲಾದವರಲ್ಲಿ, "ಇನ್ನು ಪ್ರಯೋಜನವಿಲ್ಲ" ಎಂದು ಚಿಕಿತ್ಸೆ ನಿಲ್ಲಿಸಿದ ಹಿರಿಯರೂ ಇದ್ದಾರೆ. ವಯಸ್ಸಾದವರನ್ನು ಬೇಗ ಕೈಬಿಟ್ಟರೆ ವಯಸ್ಸಾದವರು ಹೆಚ್ಚು ಸಾಯುತ್ತಾರೆ, ಅದನ್ನು ಕಲಿತ ಸೂತ್ರ ಮುಂದಿನ ಹಿರಿಯರಿಗೂ ಹೆಚ್ಚಿನ ಅಂಕಿ ಹೇಳುತ್ತದೆ, ಆ ಅಂಕಿ ನೋಡಿ ಅವರನ್ನೂ ಬೇಗ ಕೈಬಿಡುತ್ತಾರೆ. ಹಾವು ತನ್ನ ಬಾಲವನ್ನೇ ನುಂಗಿದಂತೆ. ಸೂತ್ರ ಹುಟ್ಟಿದ ಆಸ್ಪತ್ರೆಗಳಿಗೂ ನೀವಿರುವ ಆಸ್ಪತ್ರೆಗೂ ಸೌಲಭ್ಯದ ಅಂತರವಿದ್ದರೆ ಅಂಕಿ ಬೇರೆ ದಿಕ್ಕಿಗೂ ತಪ್ಪಬಹುದು.

ಮತ್ತೆ, ಈ ಸೂತ್ರ ಹೇಳುವುದು ಆಸ್ಪತ್ರೆಯಿಂದ ಜೀವಂತ ಹೊರಬರುವುದರ ಬಗ್ಗೆ. ನಡೆಯುವರೇ, ಮನೆಯವರ ಗುರುತು ಹಿಡಿಯುವರೇ, ಮನೆಗೆ ಮರಳುವರೇ ಎಂಬುದು ಅದರ ವ್ಯಾಪ್ತಿಯಲ್ಲಿಲ್ಲ. ಮನೆಯವರು ನಿಜವಾಗಿ ಕೇಳಬೇಕೆಂದಿರುವುದು ಬಹುತೇಕ ಈ ಎರಡನೆಯ ಪ್ರಶ್ನೆಯನ್ನೇ.

ಹೆಜ್ಜೆ 9: ಮೂರನೆಯ ದಿನ ಲೆಕ್ಕವನ್ನು ಮತ್ತೆ ಮಾಡಿ

ಮೊದಲ ದಿನದ ಅಂದಾಜನ್ನು ಪೆನ್ಸಿಲಿನಲ್ಲಿ ಬರೆದಿಡಿ. 48ರಿಂದ 72 ಗಂಟೆ ಕಳೆದಾಗ ಹೆಚ್ಚು ತಿಳಿದಿರುತ್ತದೆ: ಲ್ಯಾಕ್ಟೇಟ್ ಇಳಿಯಿತೇ, ಮೂತ್ರ ಬರುತ್ತಿದೆಯೇ, ಎರಡನೆಯ ಸಿಟಿ ಸ್ಕ್ಯಾನಿನಲ್ಲಿ ರಕ್ತ ಹೆಚ್ಚಾಗಿದೆಯೇ, ವೆಂಟಿಲೇಟರಿನ ನೆರವು ಕಡಿಮೆಯಾಗುತ್ತಿದೆಯೇ. ಹಗಲು ಮಂಕಾಗಿ ರಾತ್ರಿ ಗಲಿಬಿಲಿಗೊಳ್ಳುವ ಸನ್ನಿಯ ಸ್ಥಿತಿ ಬಂದರೆ ಅದನ್ನು "ವಯಸ್ಸಾದವರು ಹಾಗೆಯೇ" ಎಂದು ತಳ್ಳಿಹಾಕಬಾರದು. ಸೋಂಕು, ನೋವು, ಮಲಬದ್ಧತೆ, ಹೊಸ ಮಾತ್ರೆ ಇವುಗಳಲ್ಲಿ ಯಾವುದೋ ಒಂದು ಅದರ ಹಿಂದಿರಬಹುದು. ಕನ್ನಡಕ ಮತ್ತು ಶ್ರವಣ ಸಾಧನವನ್ನು ಮನೆಯಿಂದ ತಂದುಕೊಟ್ಟರೆ ಎಷ್ಟೋ ಸುಧಾರಿಸುತ್ತದೆ.

ಮುನ್ನೋಟ ಮಸುಕಾಗಿರುವಾಗ ಐಸಿಯು ವೈದ್ಯರು ಕಾಲಮಿತಿಯ ಚಿಕಿತ್ಸೆ ಎಂಬ ದಾರಿ ಹಿಡಿಯುವುದುಂಟು. ಪೂರ್ಣ ಚಿಕಿತ್ಸೆಯನ್ನೇ ಕೊಡುತ್ತಾ, ಯಾವ ದಿನ, ಯಾವ ಗುರುತುಗಳನ್ನು ನೋಡಿ ಮತ್ತೆ ಮಾತಾಡಬೇಕೆಂದು ಮೊದಲೇ ಒಪ್ಪಿಕೊಳ್ಳುವುದು. ವೈದ್ಯರನ್ನು ಕಾಣುವಾಗ ಈ ಪ್ರಶ್ನೆಗಳನ್ನು ಬರೆದುಕೊಂಡು ಹೋಗಿ:

"ಇವರಂಥ ನೂರು ಜನರಲ್ಲಿ ಎಷ್ಟು ಮಂದಿ ಮನೆಗೆ ಹೋಗುತ್ತಾರೆ?"
"ಎಲ್ಲ ಚೆನ್ನಾಗಿ ನಡೆದರೆ ಮೂರು ತಿಂಗಳಲ್ಲಿ ಹೇಗಿರುತ್ತಾರೆ? ಚೆನ್ನಾಗಿ ನಡೆಯದಿದ್ದರೆ?"
"ಯಾವ ಬದಲಾವಣೆ ಕಂಡರೆ ನಿಮ್ಮ ಅಂದಾಜು ಬದಲಾಗುತ್ತದೆ?"

ಅವರು ನಿಮ್ಮನ್ನು ಕೇಳಬೇಕಾದ ಪ್ರಶ್ನೆಯೂ ಒಂದಿದೆ. ಹಾಸಿಗೆಯಲ್ಲಿರುವವರು ಈಗ ಮಾತಾಡುವಂತಿದ್ದರೆ ಯಾವ ಸ್ಥಿತಿಯನ್ನು ಒಪ್ಪುತ್ತಿದ್ದರು, ಯಾವುದನ್ನು ಬೇಡವೆನ್ನುತ್ತಿದ್ದರು? ನೀವು ಏನು ಬಯಸುತ್ತೀರಿ ಎಂಬುದು ಬೇರೆಯೇ ಪ್ರಶ್ನೆ, ಮಕ್ಕಳು ಈ ಎರಡನ್ನೂ ಬೆರೆಸಿಬಿಡುತ್ತಾರೆ. ಎಂದೋ ಪಕ್ಕದ ಮನೆಯವರ ಕಾಯಿಲೆಯ ಸಂದರ್ಭದಲ್ಲಿ ಅವರು ಆಡಿದ ಮಾತು, ಬೇರೆಯವರ ನರಳಾಟ ಕಂಡು ತೋರಿದ ಮುಖಭಾವ ನೆನಪಿಗೆ ಬಂದರೆ ಅದನ್ನು ಅವರ ಮಾತಿನಲ್ಲೇ ವೈದ್ಯರಿಗೆ ಹೇಳಿ, ರೋಗಿಯ ಕಡತದಲ್ಲಿ ಬರೆಸಿ. ಪ್ರಜ್ಞೆ ಸರಿಯಿದ್ದು ಮಾತಾಡಬಲ್ಲವರಾಗಿದ್ದರೆ, ದಯವಿಟ್ಟು ಕಾರಿಡಾರಿನಲ್ಲಿ ನಿಂತು ಚರ್ಚಿಸಬೇಡಿ, ಒಳಗೆ ಹೋಗಿ ಅವರನ್ನೇ ಕೇಳಿ.